ಜಾವಳಿ, ತಮಟೆ, ಕುದಿಯುವ ಗೂಡು: ಚಿಕ್ಕಬಳ್ಳಾಪುರಕ್ಕೆ ಬಂದ ಒಂದು ಗಾಯನ ಪ್ರದರ್ಶನದ ವಿಮರ್ಶೆ

ಸಂಗೀತ ಕಛೇರಿ ಬಿಟ್ಟು ಪರ್ಫಾರ್ಮೆನ್ಸ್ ಆರ್ಟ್ (ಕಲಾವಿದರ ಇರುವಿಕೆ, ಕ್ರಿಯೆಗಳೇ ಕಲೆಯಾಗುವ ಪ್ರದರ್ಶನ) ಕಡೆಗೆ ಬಂದ ಗಾಯಕಿಯನ್ನು ಊರಿಗೆ ಕರೆಸಬೇಕೆಂದರೆ ಆಯೋಜಕರಿಗೆ ಮೊದಲು ಏಳುವ ಅನುಮಾನ ಒಂದೇ: ಹಾಡು ಇರುತ್ತದೋ, ಬರೀ ಭಾಷಣವೋ? ಚಿಕ್ಕಬಳ್ಳಾಪುರದ ಸಮುದಾಯ ಭವನವೊಂದರಲ್ಲಿ ನಡೆದ ಈ 75 ನಿಮಿಷದ ಪ್ರದರ್ಶನದಲ್ಲಿ ಹಾಡು ಇದೆ. ಐದೂವರೆ ಮನೆ ಶ್ರುತಿಯಲ್ಲಿ, ನಿಜವಾದ ತಂಬೂರಿಯ ಜೊತೆ, ಮುಖಾರಿ ರಾಗದ ಎರಡು ಧೈವತಗಳೂ (‘ದ’ ಸ್ವರದ ಎರಡು ರೂಪಗಳು) ತಮ್ಮ ತಮ್ಮ ಜಾಗದಲ್ಲಿ ನಿಲ್ಲುವಷ್ಟು ಗಟ್ಟಿಯಾಗಿ ಇದೆ. ಈ ಗಾಯಕಿಗೆ ತಾವು ಪ್ರಶ್ನಿಸುತ್ತಿರುವ ಸಂಪ್ರದಾಯ ಪೂರ್ತಿ ಕರಗತವಾಗಿದೆ ಎಂಬುದು ಮೊದಲ ಐದು ನಿಮಿಷದಲ್ಲೇ ತಿಳಿಯುತ್ತದೆ. ಎಲ್ಲವೂ ಹಾಡಿನ ಮೇಲೆ ನಿಂತಿರುವುದರಿಂದಲೇ, ಮೈಕು ಕೈಕೊಟ್ಟರೆ ಪ್ರದರ್ಶನವೂ ಕುಸಿಯುತ್ತದೆ. ಕರೆಸುವ ಯೋಚನೆ ಇರುವವರು ಎರಡನ್ನೂ ತಿಳಿದಿರಬೇಕು.

ಪ್ರದರ್ಶನದ ವಸ್ತು ಕರ್ನಾಟಕ ಸಂಗೀತದ ವಿದುಷಿ ಬೆಂಗಳೂರು ನಾಗರತ್ನಮ್ಮ. 1878ರಲ್ಲಿ ನಂಜನಗೂಡಿನ ಕಡೆ ದೇವದಾಸಿ ಮನೆತನದಲ್ಲಿ ಹುಟ್ಟಿದವರು. ತಂಜಾವೂರು ಆಸ್ಥಾನದ ಮುದ್ದುಪಳನಿ 18ನೇ ಶತಮಾನದಲ್ಲಿ ಬರೆದ ತೆಲುಗು ಶೃಂಗಾರಕಾವ್ಯ ‘ರಾಧಿಕಾ ಸಾಂತ್ವನ’ವನ್ನು, ಹಿಂದಿನವರು ಕೈಬಿಟ್ಟಿದ್ದ ಭಾಗಗಳನ್ನೂ ಸೇರಿಸಿ, 1910ರಲ್ಲಿ ಅಚ್ಚು ಹಾಕಿಸಿದರು. ಅಶ್ಲೀಲವೆಂದು ಬ್ರಿಟಿಷ್ ಸರ್ಕಾರ ನಿಷೇಧಿಸಿತು. ಸ್ವಾತಂತ್ರ್ಯ ಬಂದಾಗಷ್ಟೇ ಆ ನಿಷೇಧ ತೆರವಾಯಿತು. ತಿರುವೈಯಾರಿನಲ್ಲಿ ತ್ಯಾಗರಾಜರ ಸಮಾಧಿಗೆ ಗುಡಿ ಕಟ್ಟಿಸಲು ಸ್ವಂತ ದುಡ್ಡು ಸುರಿದವರೂ ಅವರೇ. ಅಲ್ಲಿನ ಆರಾಧನೆಯಲ್ಲಿ ಹೆಂಗಸರು ಹಾಡುವಂತಿರಲಿಲ್ಲವಾದ್ದರಿಂದ ಹೆಂಗಸರದ್ದೇ ಒಂದು ತಂಡ ಕಟ್ಟಿದರು. ಗಾಯಕಿ ಈ ಕಥೆಯನ್ನು ಹೇಳುವುದಿಲ್ಲ. ಆ ಕಾಲದ ಹಾಡುಗಳನ್ನು ಎತ್ತಿಕೊಂಡು, ಕಛೇರಿಯ ಒಂದೊಂದು ನಿಯಮವನ್ನೂ ನಮ್ಮ ಕಣ್ಣೆದುರೇ ಬಿಚ್ಚುತ್ತಾ ಹೋಗುತ್ತಾರೆ.

ಇದೇ ಪ್ರದರ್ಶನಕ್ಕೆ ಬೆಂಗಳೂರಿನಲ್ಲಿ ಇಲ್ಲದ ಒಂದು ಬಲ ಈ ಕಡೆಯ ಊರುಗಳಲ್ಲಿದೆ. ಇಲ್ಲಿ ತೆಲುಗು ಅರ್ಥವಾಗುತ್ತದೆ. ಚಿಂತಾಮಣಿ, ಬಾಗೇಪಲ್ಲಿ, ಗೌರಿಬಿದನೂರು ಕಡೆಯವರಿಗೆ ಮನೆಮಾತು, ಸಂತೆಮಾತು ಎರಡೂ ತೆಲುಗು-ಕನ್ನಡದ ಬೆರಕೆ; ಸಂತಕವಿ ಕೈವಾರ ತಾತಯ್ಯನವರು ಹಾಡು ಕಟ್ಟಿದ್ದೂ ಎರಡೂ ಭಾಷೆಯಲ್ಲಿ. ಸಂಗೀತ ಸಭೆಗಳಲ್ಲಿ ಜಾವಳಿಯನ್ನು (ಚುರುಕು ನಡೆಯ ಶೃಂಗಾರಗೀತೆ) ರಾಗಕ್ಕಾಗಿ ಕೇಳಿ ತಲೆದೂಗುತ್ತಾರೆ, ಸಾಹಿತ್ಯ ಯಾರಿಗೂ ತಟ್ಟುವುದಿಲ್ಲ. ಇಲ್ಲಿ ನಾಯಕಿ ತನ್ನ ಗಂಡಸನ್ನು ‘ಎಲ್ಲಿಗೆ ಹೋಗಿದ್ದೆ’ ಎಂದು ಕೇಳಿದ್ದು ಮೂರನೇ ಸಾಲಿನಲ್ಲಿ ಕೂತ ಅಜ್ಜಿಯರಿಗೂ ತಟ್ಟಿತು. ನಗು ಬಂತು, ಆಮೇಲೆ ಇಡೀ ಸಭಾಂಗಣ ಗಪ್‌ಚಿಪ್ಪಾಯಿತು. ಹೆಂಗಸಿನ ಆಸೆಯನ್ನು ಹೆಂಗಸೇ ಬಾಯಿಬಿಟ್ಟು ಹಾಡಿದಾಗ ಹುಟ್ಟುವ ಆ ಇರಿಸುಮುರಿಸೇ ಈ ಪ್ರದರ್ಶನದ ಬಂಡವಾಳ. ಆದ್ದರಿಂದ ತಂಡ ತರುವ ಕನ್ನಡ ಅನುವಾದದ ಪರದೆಯನ್ನು ಕೋಲಾರ, ಚಿಕ್ಕಬಳ್ಳಾಪುರ ಜಿಲ್ಲೆಗಳಲ್ಲಿ ಹಾಕಿಸಲೇಬೇಡಿ. ಎಲ್ಲರ ಕಣ್ಣು ಪರದೆಗೆ ಹೋದರೆ ಗಾಯಕಿಯ ಮುಖ ಯಾರಿಗೂ ಕಾಣುವುದಿಲ್ಲ.

ಕ್ರಮವನ್ನೇ ತಿರುಗಾಮುರುಗಾ ಮಾಡಿದ್ದಾರೆ. ವರ್ಣದಿಂದ ಶುರುವಾಗಿ ಮಂಗಳದಲ್ಲಿ ಮುಗಿಯುವ ಕಛೇರಿ ಪದ್ಧತಿ ಗಾಯಕ ಅರಿಯಕುಡಿ ರಾಮಾನುಜ ಅಯ್ಯಂಗಾರ್ಯರ ಕಾಲದಲ್ಲಿ ಗಟ್ಟಿಯಾದದ್ದು. ಅದರಲ್ಲಿ ಪದ (ನಿಧಾನಗತಿಯ ಶೃಂಗಾರಗೀತೆ), ಜಾವಳಿಗಳಿಗೆ ಕೊನೆಯ ತುಕಡಗಳ, ಅಂದರೆ ಚಿಕ್ಕ ಹಾಡುಗಳ ಜಾಗ. ಇಲ್ಲಿ ಸೌರಾಷ್ಟ್ರ ರಾಗದ ಮಂಗಳವೇ ಮೊದಲು. ಅದೂ ವೇದಿಕೆಯ ಮೇಲಲ್ಲ, ಬಾಗಿಲಲ್ಲಿ ಜನ ಚಪ್ಪಲಿ ಬಿಡುವ ಜಾಗದಲ್ಲಿ. ಗಾಯಕಿ ಅಲ್ಲೇ ನೆಲದ ಮೇಲೆ ಕೂತು ತಂಬೂರಿ ಮೀಟುತ್ತಿರುತ್ತಾರೆ, ಜನ ಅವರನ್ನು ದಾಟಿಕೊಂಡೇ ಒಳಗೆ ಹೋಗಬೇಕು. ಆಯೋಜಕರು ಬಾಗಿಲಲ್ಲಿ ಸ್ವಾಗತಕ್ಕೆಂದು ಗುಲಾಬಿ, ಪನ್ನೀರು ಇಟ್ಟರೆ ಈ ಭಾಗ ಸತ್ತಂತೆ. ಬಾಗಿಲು ಖಾಲಿ ಇರಲಿ. ಚಪ್ಪಲಿ ಕಾಯುವವರನ್ನೂ ಹತ್ತು ನಿಮಿಷ ಆಚೆ ಕಳುಹಿಸಿ.

ಆಮೇಲೆ ಜರತಾರಿ ರೇಷ್ಮೆ ಸೀರೆ, ಮಲ್ಲಿಗೆ, ಕಿವಿಯ ಓಲೆ ಎಲ್ಲದರ ಜೊತೆ ವೇದಿಕೆ ಹತ್ತಿ, ಜಾವಳಿ ಹಾಡುತ್ತಲೇ ಒಂದೊಂದಾಗಿ ಕಳಚುತ್ತಾರೆ. ಸೀರೆಯ ಒಳಗೆ ಸಾದಾ ಹತ್ತಿ ಸೀರೆ ಉಟ್ಟಿರುತ್ತಾರೆ, ಯಾರೂ ಮುಜುಗರ ಪಡಬೇಕಿಲ್ಲ. ಬಿಚ್ಚಿದ ರೇಷ್ಮೆ ಸೀರೆಯನ್ನು ಜಮಖಾನೆಯಂತೆ ನೆಲಕ್ಕೆ ಹಾಸುತ್ತಾರೆ. ಮುಂದಿನದೆಲ್ಲ ಅದರ ಮೇಲೆ ನಡೆಯುತ್ತದೆ.

ಈಗ ಲೂಪ್ ಪೆಡಲ್ ವಿಷಯ, ಏಕೆಂದರೆ ಎಡವಟ್ಟಾಗುವುದು ಹೆಚ್ಚಾಗಿ ಇಲ್ಲೇ. ಕಾಲಿನಿಂದ ಒತ್ತಿದರೆ ಗಾಯಕಿ ಹಾಡಿದ್ದನ್ನು ಹಿಡಿದಿಟ್ಟು ಮತ್ತೆ ಮತ್ತೆ ನುಡಿಸುವ ಪುಟ್ಟ ಯಂತ್ರ ಇದು. ಆದಿತಾಳದ ಒಂದು ಆವರ್ತ (ಒಂದು ಸುತ್ತು) ಷಡ್ಜ (ಸ), ಅದರ ಮೇಲೆ ಪಂಚಮ (ಪ), ಅದರ ಮೇಲೆ ಒಂದು ಸಂಗತಿ (ಹಾಡಿನ ಸಾಲಿನ ಬೇರೊಂದು ರೂಪ), ಹೀಗೆ ಐದು ಪದರ ಕಟ್ಟಿ ಒಬ್ಬರೇ ಹೆಂಗಸರ ಮೇಳವಾಗುತ್ತಾರೆ. ತಿರುವೈಯಾರಿನ ಆ ತಂಡವನ್ನು ಕಣ್ಣಿಗೆ ಕಟ್ಟಿಸಲು ಇದಕ್ಕಿಂತ ಒಳ್ಳೆಯ ಉಪಾಯ ಸಿಗಲಾರದು. ತೊಂದರೆ ಏನೆಂದರೆ, ಸ್ಪೀಕರಿನ ಸದ್ದು ಮೈಕಿಗೆ ವಾಪಸ್ ನುಗ್ಗಿದರೆ ಅದೂ ಪದರದೊಳಗೆ ಸೇರಿಕೊಳ್ಳುತ್ತದೆ, ಐದನೇ ಪದರದ ಹೊತ್ತಿಗೆ ಬರೀ ಗದ್ದಲ. ಮುಖ್ಯ ಸ್ಪೀಕರುಗಳು ಗಾಯಕಿಯ ಮೈಕಿಗಿಂತ ಕನಿಷ್ಠ ಐದಾರು ಅಡಿ ಮುಂದಿರಬೇಕು. ಹಾಡಿಗೆ ಡೈನಾಮಿಕ್ ಮೈಕೇ ಆಗಬೇಕು. ಕಂಡೆನ್ಸರ್ ಮೈಕು ದೂರದ ಸದ್ದನ್ನೂ ಎಳೆದುಕೊಳ್ಳುತ್ತದೆ. ಎದುರಿಗೆ ಮಾನಿಟರ್ (ಗಾಯಕಿಗೇ ಕೇಳಿಸಲು ಇಡುವ ಸ್ಪೀಕರ್) ಬೇಡ, ಗಾಯಕಿ ಕಿವಿಗೆ ಇಯರ್‌ಫೋನ್ ಹಾಕಿಕೊಳ್ಳುತ್ತಾರೆ. ತಂಬೂರಿಗೆ ಬೇರೆ ಮೈಕು, ಕುದುರೆಯಿಂದ (ತಂತಿಗಳು ಹಾದುಹೋಗುವ ಮೋಟು ಪಟ್ಟಿ) ಅರ್ಧ ಅಡಿ ದೂರದಲ್ಲಿ. ಲೈಟಿನ ಕಾವಿಗೆ ತಂತಿ ಇಳಿಯುವುದರಿಂದ ಲೈಟು ಹಾಕಿ ಕಾಲು ಗಂಟೆ ಕಳೆದ ಮೇಲೆ ಶ್ರುತಿ ಮಾಡಿಕೊಳ್ಳಲು ಸಮಯ ಕೊಡಿ.

ಆರ್ಕೆಸ್ಟ್ರಾ ಮಾಡಿ ರೂಢಿಯಾದ ಸೌಂಡಿನವರು ಕೇಳದೆಯೇ ಎಕೋ ಹಾಕುತ್ತಾರೆ. ಮುಖಾರಿಯಲ್ಲಿ ಹತ್ತುವಾಗ ಚತುಶ್ರುತಿ (ಮೇಲಿನ) ಧೈವತ, ಇಳಿಯುವಾಗ ಶುದ್ಧ (ಕೆಳಗಿನ) ಧೈವತ. ಎಕೋ ಇದ್ದರೆ ಒಂದರ ಬಾಲ ಇನ್ನೊಂದರ ಮೇಲೆ ಬಿದ್ದು ರಾಗವೇ ಕಲಸಿಹೋಗುತ್ತದೆ. ಚಿಕ್ಕಬಳ್ಳಾಪುರದಲ್ಲಿ ವೇದಿಕೆಯ ಮೊದಲ ಹಾಡಿಗೂ ಎಕೋ ಹಾಕಿದ್ದರು, ಆಮೇಲೆ ತಂಡದ ತಂತ್ರಜ್ಞರು ಹೋಗಿ ಆರಿಸಿದರು. ಸಮುದಾಯ ಭವನದ ಟೈಲ್ಸ್ ನೆಲ, ಖಾಲಿ ಗೋಡೆಗಳಿಂದಲೇ ಸಾಕಷ್ಟು ಅನುರಣನ ಬರುತ್ತದೆ. ಹಿಂದಿನ ಗೋಡೆಗೆ ದಪ್ಪ ಪರದೆಯನ್ನೋ ಜಮಖಾನೆಯನ್ನೋ ಇಳಿಬಿಟ್ಟರೆ ಎಷ್ಟೋ ವಾಸಿ.

ಇನ್ನು ಕರೆಂಟು. ಅರೆಕ್ಷಣ ಹೋಗಿ ಬಂದರೂ ಉಳಿಸಿಕೊಂಡಿಲ್ಲದ ಲೂಪ್ ಅಳಿಸಿಹೋಗುತ್ತದೆ. ಜನರೇಟರ್ ಇದ್ದರೂ ಅದು ಎತ್ತಿಕೊಳ್ಳುವಷ್ಟರಲ್ಲಿ ಐದು ಪದರವೂ ಮಾಯ. ಪೆಡಲ್ ಮತ್ತು ಮಿಕ್ಸರ್ ಎರಡಕ್ಕೆ ಮಾತ್ರ ಕಂಪ್ಯೂಟರಿನ ಸಾಧಾರಣ 600 ವಿಎ ಯುಪಿಎಸ್ ಒಂದನ್ನು ಕೊಟ್ಟರೆ ಸಾಕು. ಆಂಪ್ಲಿಫೈಯರನ್ನು ಅದಕ್ಕೆ ಸಿಕ್ಕಿಸಬೇಡಿ, ಎಳೆಯಲಾರದು.

ತಮಟೆಯವರು ಬರುವ ಮುಂಚೆ ಲೂಪನ್ನು ಪೂರ್ತಿ ನಿಲ್ಲಿಸುವುದು ಗಾಯಕಿಯ ಒಳ್ಳೆಯ ನಿರ್ಧಾರ. ಯಂತ್ರದ ಲಯ ಕದಲುವುದಿಲ್ಲ, ತಮಟೆಯ ಲಯ ಕಾವೇರಿದಂತೆ ಏರುತ್ತದೆ. ಎರಡನ್ನೂ ಕೂಡಿಸಲು ಹೋದವರು ತಮಟೆಯನ್ನು ಕಟ್ಟಿಹಾಕಿ ಕೆಡಿಸುತ್ತಾರೆ. ಪಿಂಡಿಪಾಪನಹಳ್ಳಿಯ ತಮಟೆ ಕಲಾವಿದ ಮುನಿವೆಂಕಟಪ್ಪನವರಿಗೆ 2023ರಲ್ಲಿ ಪದ್ಮಶ್ರೀ ಬಂದ ಜಿಲ್ಲೆ ಇದು, ಇಲ್ಲಿನ ಕಿವಿಗೆ ಸುಳ್ಳು ತಮಟೆ ಗೊತ್ತಾಗಿಬಿಡುತ್ತದೆ. ತಂಡ ತಮಟೆ ಕಲಾವಿದರನ್ನು ಜೊತೆಗೆ ಕರೆತರುವುದಿಲ್ಲ. ಸ್ಥಳೀಯರಿಬ್ಬರ ಜೊತೆ ಎರಡು ದಿನ ಅಭ್ಯಾಸ ಮಾಡುತ್ತದೆ. ಗಾಯಕಿಗೆ ಎಷ್ಟು ಸಂಭಾವನೆಯೋ ಅವರಿಗೂ ತಲಾ ಅಷ್ಟೇ ಎಂದು ಕರಾರಿನಲ್ಲೇ ಬರೆದಿದೆ, ಪೋಸ್ಟರಿನಲ್ಲಿ ಅವರ ಹೆಸರೂ ಅದೇ ಅಳತೆಯ ಅಕ್ಷರದಲ್ಲಿ ಬರಬೇಕು. ಈ ಎರಡು ಷರತ್ತುಗಳಿಗಾಗಿಯೇ ಈ ತಂಡವನ್ನು ಮನಸಾರೆ ಮೆಚ್ಚಬೇಕು.

ಮೆರವಣಿಗೆಯ ಮುಂದೆ, ಗುಡಿಯ ಹೊರಗೆ ನಿಂತೇ ಬಾರಿಸಬೇಕಾದ ವಾದ್ಯವನ್ನು ಹಾಸಿದ ರೇಷ್ಮೆ ಸೀರೆಯ ಮೇಲೆ, ತಂಬೂರಿಯ ಪಕ್ಕ ಕೂರಿಸಿದಾಗ ಸಭೆ ಉಸಿರು ಬಿಗಿಹಿಡಿದಿತ್ತು. ಗಾಯಕಿ ಅಲ್ಲಿ ಹೇಳುವುದು ಒಂದೇ ಮಾತು: ಮೃದಂಗಕ್ಕೂ ಹಾಕುವುದು ದನ, ಎಮ್ಮೆ, ಮೇಕೆಯ ಚರ್ಮವೇ. ಕಲಾವಿದರಿಗೆ ತಿಳಿಸದೆ ಇದನ್ನು ಮಾಡಿಸಿದ್ದರೆ ಅವರನ್ನು ಬರೀ ಗುರುತಾಗಿ ಬಳಸಿಕೊಂಡಂತಾಗುತ್ತಿತ್ತು. ಇಲ್ಲಿ ಎಲ್ಲಿ ಕೂರಬೇಕು, ಯಾವಾಗ ಎದ್ದು ನಿಲ್ಲಬೇಕು ಎಂಬುದನ್ನೆಲ್ಲ ಅವರೇ ತೀರ್ಮಾನಿಸುತ್ತಾರೆ. ಕೊನೆಗೆ ಎದ್ದು ಕುಣಿದು ಬಾರಿಸಿದ ಎಂಟು ನಿಮಿಷ ಇಡೀ ಸಂಜೆಯ ಶಿಖರ.

ತಮಟೆಯನ್ನು ಬೆಂಕಿಗೆ ಕಾಯಿಸಿದರಷ್ಟೇ ಚರ್ಮ ಬಿಗಿಯಾಗಿ ನಾದ ಬಿಡುವುದು, ತಂಪು ಗಾಳಿಗೆ ಬೇಗ ಸಡಿಲವಾಗುತ್ತದೆ. ಸಭಾಂಗಣದೊಳಗೆ ಬೆಂಕಿಗೆ ಅನುಮತಿ ಸಿಗುವುದಿಲ್ಲ. ಆದ್ದರಿಂದ ವೇದಿಕೆಗೆ ಹತ್ತಿರದ ಹಿಂಬಾಗಿಲ ಆಚೆ ಒಣಹುಲ್ಲು, ಕಾಗದ, ಎರಡು ಬಕೆಟ್ ನೀರು ಇಟ್ಟು, ಪ್ರವೇಶಕ್ಕೆ ಐದು ನಿಮಿಷ ಇರುವಾಗ ಕಾಯಿಸಬೇಕು. ಮುಂಚೆಯೇ ಕಾಯಿಸಿಟ್ಟರೆ ವ್ಯರ್ಥ. ಕಾದ ತಮಟೆಯನ್ನು ನೇರ ರೇಷ್ಮೆಯ ಮೇಲೆ ಇಟ್ಟರೆ ಸೀರೆ ಕೆಡಬಹುದು, ಕೆಳಗೊಂದು ಗೋಣಿಚೀಲ ಇರಲಿ. ಪ್ಲಾಸ್ಟಿಕ್ ಹೊದಿಕೆಯ ತಮಟೆ ಸುಲಭ ನಿಜ, ಆದರೆ ಮೃದಂಗದ ಚರ್ಮದ ಬಗ್ಗೆ ಆಡಿದ ಮಾತಿಗೆ ಅಲ್ಲಿ ಅರ್ಥವೇ ಉಳಿಯುವುದಿಲ್ಲ. ತಮಟೆಗೆ ಮೈಕು ಬೇಡವೇ ಬೇಡ.

ಮೂರನೇ ಭಾಗ ಚಿಕ್ಕಬಳ್ಳಾಪುರಕ್ಕಾಗಿಯೇ ಸೇರಿಸಿದ್ದು. ಕಳಚಿದ ಸೀರೆಯ ರೇಷ್ಮೆ ಎಲ್ಲಿಂದ ಬಂತು ಎಂಬ ಪ್ರಶ್ನೆ ಹಿಡಿದು ಶಿಡ್ಲಘಟ್ಟದ ರೇಷ್ಮೆಗೂಡನ್ನು ವೇದಿಕೆಗೆ ತಂದಿದ್ದಾರೆ. ಬಿಚ್ಚಾಣಿಕೆ (ಗೂಡಿನಿಂದ ಎಳೆ ತೆಗೆಯುವ ಕೆಲಸ) ಮಾಡುವ ಹೆಂಗಸೊಬ್ಬರು ಗಾಯಕಿಯ ಪಕ್ಕ ಕೂತು ಬಿಸಿನೀರಿನಿಂದ ನೂಲು ತೆಗೆಯುತ್ತಾರೆ, ಗಾಯಕಿ ವಿಳಂಬದಲ್ಲಿ ಮುಖಾರಿಯ ಪದ ಹಾಡುತ್ತಾರೆ. ಒಂದು ಗೂಡಿನಲ್ಲಿ ಸಾವಿರ ಮೀಟರಿಗೆ ಹತ್ತಿರದ ಎಳೆ ಇರುತ್ತದೆ. ಬೇಯಿಸಿದಾಗ ಅಂಟು ಮೆದುವಾಗಿ, ಪುಟ್ಟ ಪೊರಕೆಯಿಂದ ತಿರುವಿದರೆ ತುದಿ ಸಿಗುತ್ತದೆ. ನೀರು ಆರಿದರೆ ಎಳೆ ಕಡಿಯುತ್ತದೆ. ಹಾಡಿನ ನಡುವೆ ಎಳೆ ಕಡಿದಾಗ ಗಾಯಕಿಯೂ ಹಾಡು ನಿಲ್ಲಿಸುತ್ತಾರೆ, ಮತ್ತೆ ಸಿಕ್ಕಾಗ ಅದೇ ಅಕ್ಷರದಿಂದ ಎತ್ತಿಕೊಳ್ಳುತ್ತಾರೆ. ಈ ಯೋಚನೆ ತುಂಬಾ ಚೆನ್ನಾಗಿದೆ. ಹಗಲೆಲ್ಲ ಬಿಸಿನೀರಿಗೆ ಕೈ ಅದ್ದುವವರ ಬೆರಳುಗಳನ್ನು ಅಷ್ಟು ಹೊತ್ತು ಸುಮ್ಮನೆ ನೋಡುತ್ತಾ ಕೂರುವಂತೆ ಮಾಡುತ್ತದೆ.

ಆದರೆ ತಯಾರಿ ಸಾಲದಾಗಿತ್ತು. ಇಂಡಕ್ಷನ್ ಒಲೆಯ ಮೇಲೆ ಅಲ್ಯೂಮಿನಿಯಂ ಬೋಗುಣಿ ಇಟ್ಟಿದ್ದರು, ಅದು ಕಾಯಲೇ ಇಲ್ಲ. ತಳಕ್ಕೆ ಅಯಸ್ಕಾಂತ ಹಿಡಿಯುವ ಸ್ಟೀಲ್ ಪಾತ್ರೆ ಬೇಕು. 2000 ವಾಟ್ ಒಲೆಗೆ 15 ಆಂಪಿಯರ್ ಪ್ಲಗ್ಗು ಬೇಕು, ಅದೂ ಸೌಂಡಿನ ಲೈನಿನಿಂದ ಬೇರೆ ಫೇಸಿನಲ್ಲಿ. ಇಲ್ಲವಾದರೆ ಸ್ಪೀಕರಿನಲ್ಲಿ ಗುಂಯ್ ಎಂಬ ಸದ್ದು ತಂಬೂರಿಯ ಜೊತೆ ಜಗಳಕ್ಕೆ ನಿಲ್ಲುತ್ತದೆ. ಬೋರ್‌ವೆಲ್ಲಿನ ಗಡಸು ನೀರಿನಲ್ಲಿ ಎಳೆ ಸರಿಯಾಗಿ ಬಿಡುವುದಿಲ್ಲ, ಫಿಲ್ಟರ್ ನೀರು ತನ್ನಿ. ಕಾಲು ಕೆಜಿ ಗೂಡು ಧಾರಾಳ ಸಾಕು. ಹಸಿಗೂಡನ್ನು ಬಹಳ ದಿನ ಇಟ್ಟುಕೊಂಡರೆ ಚಿಟ್ಟೆ ತೂತು ಮಾಡಿ ಹೊರಬಂದು ಎಳೆಯೆಲ್ಲ ತುಂಡಾಗುತ್ತದೆ, ಹಾಗಾಗಿ ಅದೇ ವಾರದ ಗೂಡು ತನ್ನಿ. ಬೆಂದ ಹುಳದ ವಾಸನೆ ಈ ಕಡೆಯವರಿಗೆ ಹೊಸದಲ್ಲ, ಆದರೂ ಕಿಟಕಿ ಮುಚ್ಚಿದ ಎಸಿ ಹಾಲಿನಲ್ಲಿ ಹತ್ತು ನಿಮಿಷಕ್ಕೆ ಜನ ಎದ್ದು ಹೋಗುತ್ತಾರೆ. ಕಿಟಕಿಗಳು ತೆರೆದಿರಲಿ. ಒಲೆ, ಪೆಡಲ್ ಮತ್ತು ವೈರುಗಳ ನಡುವೆ ನಾಲ್ಕು ಅಡಿ ಅಂತರ ಇರಲಿ, ನೀರು ಚೆಲ್ಲುವುದು ಖಂಡಿತ.

ಇಡೀ ಪ್ರದರ್ಶನದಲ್ಲಿ ಬೇಡವೆನಿಸಿದ್ದು ಇದಾದ ಮೇಲಿನ ಮಾತು. ಗೂಡು, ಸೀರೆ, ತಮಟೆ ಎಲ್ಲದರ ಅರ್ಥವನ್ನೂ ಹನ್ನೆರಡು ನಿಮಿಷ ವಿವರಿಸುತ್ತಾರೆ. 1909ರಲ್ಲಿ ಮೈಸೂರು ಸಂಸ್ಥಾನ ಗುಡಿಗಳಲ್ಲಿ ದೇವದಾಸಿ ಸೇವೆ ನಿಲ್ಲಿಸಿದ್ದು, 1982ರಲ್ಲಿ ಕರ್ನಾಟಕ ಕಾಯ್ದೆ ಮಾಡಿದ್ದು ಮುಖ್ಯ ವಿಷಯಗಳೇ: ಶೋಷಣೆಯನ್ನು ತಡೆಯಬೇಕಿತ್ತು, ಜೊತೆಗೆ ಆ ಹೆಂಗಸರ ಹಾಡೂ ಅನ್ನವೂ ಬೇರೆಯವರ ಪಾಲಾದವು. ಆ ಇಕ್ಕಟ್ಟನ್ನು ಎರಡು ನಿಮಿಷದಲ್ಲಿ ಹೇಳಬಹುದು, ಉಳಿದದ್ದನ್ನು ಕರಪತ್ರದಲ್ಲಿ ಅಚ್ಚು ಹಾಕಿಸಬಹುದು. ಕೇಳಿದರೆ ಮೊಟಕು ಮಾಡಲು ತಂಡ ಒಪ್ಪುತ್ತದೆ, ಕರಾರು ಬರೆಯುವಾಗಲೇ ಕೇಳಿಬಿಡಿ.

ಮುಂಗಡ ಅರ್ಧ, ಉಳಿದದ್ದು ಅದೇ ರಾತ್ರಿ. ವೇದಿಕೆ ಕನಿಷ್ಠ 20 ಅಡಿ ಅಗಲ, 15 ಅಡಿ ಆಳ ಬೇಕು, ಎತ್ತರ ಕಡಿಮೆ ಇದ್ದಷ್ಟೂ ಒಳ್ಳೆಯದು. ಕುರ್ಚಿಗಳನ್ನು ತೆಗೆಸಿ ಎಲ್ಲರನ್ನೂ ಜಮಖಾನೆಯ ಮೇಲೆ ಕೂರಿಸಿ, ವಯಸ್ಸಾದವರಿಗೆ ಮಾತ್ರ ಗೋಡೆ ಬದಿಯಲ್ಲಿ ಕುರ್ಚಿ. ಗಣ್ಯರಿಗೆಂದು ಮುಂದೆ ಸೋಫಾ ಹಾಕುವವರು ಈ ಪ್ರದರ್ಶನವನ್ನು ಕರೆಸದಿರುವುದೇ ಮೇಲು. ಮುಚ್ಚಿದ ಸಭಾಂಗಣದೊಳಗಲ್ಲದೆ ರಾತ್ರಿ ಹತ್ತರ ನಂತರ ಧ್ವನಿವರ್ಧಕ ಹಾಕುವಂತಿಲ್ಲ, ಇಲ್ಲಿ ಕಿಟಕಿಗಳು ತೆರೆದೇ ಇರುತ್ತವೆ, ಜನ ಪ್ರಶ್ನೆ ಕೇಳಲು ಶುರುಮಾಡಿದರೆ ಬಿಡುವುದೂ ಇಲ್ಲ. ಆದ್ದರಿಂದ ಆರೂವರೆಗೆ ಆರಂಭಿಸಿ. ಗಣೇಶನ ಪೆಂಡಾಲಿಗೆ, ಸನ್ಮಾನ ಸಮಾರಂಭದ ನಡುವೆ ತುರುಕಲು ಇದು ಒಗ್ಗುವುದಿಲ್ಲ. ಮಳೆಗಾಲದಲ್ಲಿ ತಮಟೆಗೆ ಕಷ್ಟ.

ಕೊನೆಯ ದೃಶ್ಯಕ್ಕೆ ಮೈಕು ಪೂರ್ತಿ ಬಂದ್. ಆಗ ತಾನೇ ತೆಗೆದ ರೇಷ್ಮೆಯ ಎಳೆಯನ್ನು ಗಾಯಕಿ ತಂಬೂರಿಯ ಕುದುರೆಯ ಮೇಲೆ, ತಂತಿಯ ಕೆಳಗೆ ಜೀವಾಳದ ದಾರವಾಗಿ (ತಂತಿಗೆ ಝೇಂಕಾರ ತರುವ ದಾರ) ಸಿಕ್ಕಿಸುತ್ತಾರೆ. ಒಂದೆರಡು ಗೂಡಿನ ಎಳೆ ತೀರಾ ತೆಳು. ಇಪ್ಪತ್ತು ಗೂಡಿನದನ್ನು ಕೂಡಿಸಿ, ನಾಲ್ಕೈದು ಮಡಿಕೆ ಹುರಿ ಮಾಡಿದರೆ ಹೊಲಿಗೆ ದಾರದಷ್ಟು ದಪ್ಪ ಬರುತ್ತದೆ. ಒದ್ದೆ ಎಳೆ ನಾದವನ್ನು ಮಂಕು ಮಾಡುವುದರಿಂದ ಮಧ್ಯಾಹ್ನದ ಅಭ್ಯಾಸದಲ್ಲಿ ತೆಗೆದು ಒಣಗಿಸಿದ ಹುರಿಯೊಂದನ್ನು ಪಕ್ಕದಲ್ಲಿ ಇಟ್ಟುಕೊಂಡಿರಬೇಕು. ಬಿಚ್ಚಾಣಿಕೆಯ ಹೆಂಗಸು ದಾರವನ್ನು ಕೂದಲೆಳೆಯಷ್ಟು ಹಿಂದೆ ಮುಂದೆ ಸರಿಸುತ್ತಾರೆ, ಗಾಯಕಿ ಮೀಟುತ್ತಾರೆ. ಝೇಂಕಾರ ಏಳುವ ಜಾಗ ಸಿಕ್ಕಿದ ಕೂಡಲೇ ಇಬ್ಬರೂ ಕೈ ತೆಗೆಯುತ್ತಾರೆ. ಆ ಹೊತ್ತಿನಲ್ಲಿ ಫ್ಯಾನುಗಳನ್ನು ಆರಿಸಲು ಒಬ್ಬರನ್ನು ಸ್ವಿಚ್ ಬೋರ್ಡಿನ ಹತ್ತಿರ ನಿಲ್ಲಿಸಿ. ಮೈಕಿಲ್ಲದ ತಂಬೂರಿ ಕೊನೆಯ ಸಾಲಿನವರೆಗೂ ಕೇಳಿಸುತ್ತದೆ.