ಮಾಹ್ಲರ್ ಆರನೇ ಸಿಂಫನಿ: ಫ್ಯಾನ್ ಆರಿಸಿಯೇ ಕೇಳಬೇಕು

ರೆಕಾರ್ಡಿಂಗ್ ಬಗ್ಗೆ ದೂರಿಲ್ಲ. ಅದರ ಸದ್ದು ನಮ್ಮಂಥ ಫ್ಲ್ಯಾಟ್‌ಗೆ ಹೊಂದುವುದಿಲ್ಲ ಅನ್ನೋದೇ ತಕರಾರು.

ಸಿಂಫನಿ ಅಂದರೆ ದೊಡ್ಡ ವಾದ್ಯವೃಂದಕ್ಕೆ ಬರೆದ ಕೃತಿ; ಇದನ್ನು ಬರೆದವನು ಆಸ್ಟ್ರಿಯಾದ ಸಂಗೀತಕಾರ ಮಾಹ್ಲರ್. ಮೈಕಲ್ ಟಿಲ್ಸನ್ ಥಾಮಸ್ ನಿರ್ದೇಶನದಲ್ಲಿ ‘ಸ್ಯಾನ್ ಫ್ರಾನ್ಸಿಸ್ಕೊ ಸಿಂಫನಿ’ ಅನ್ನುವ ವಾದ್ಯವೃಂದ ನುಡಿಸಿದ ಈ ಡಿಸ್ಕ್ ನನ್ನ ಬಳಿ ವರ್ಷಗಳಿಂದ ಇದೆ. ಮೆಲ್ಲಗಿನ ಭಾಗ ಕೇಳಲಿ ಅಂತ ವಾಲ್ಯೂಮ್ ಏರಿಸಿದರೆ, ಸ್ವಲ್ಪ ಹೊತ್ತಿಗೆ ತುತ್ತೂರಿ, ಡ್ರಮ್ ಎಲ್ಲ ಒಟ್ಟಿಗೆ ನುಗ್ಗುತ್ತವೆ. ಕೆಳಗಿನ ಮನೆಯವರು ಬೆಲ್ ಒತ್ತುತ್ತಾರೆ. ಇಳಿಸಿದರೆ ಸಣ್ಣ ದನಿಯೆಲ್ಲ ಫ್ಯಾನ್ ಸದ್ದಿನಲ್ಲಿ ಮುಳುಗಿಹೋಗುತ್ತದೆ. ನಡುವೆ ಒಂದು ಮಟ್ಟ ಸಿಗುವುದೇ ಇಲ್ಲ.

ಹಾಗಾಗಿ ಭಾನುವಾರ ದೊಡ್ಡ ತಯಾರಿ. ತಿಂಡಿ ಆಗಬೇಕು, ಕುಕ್ಕರ್ ಕೂಗಿ ಮುಗಿಯಬೇಕು, ನೀರಿನ ಮೋಟಾರ್ ನಿಲ್ಲಬೇಕು. ಆಮೇಲೆ ಕಿಟಕಿ ಮುಚ್ಚಿ, ಫ್ಯಾನ್ ಆರಿಸಿ, ಮೆತ್ತನೆ ಬಟ್ಟೆಯಲ್ಲಿ ಡಿಸ್ಕನ್ನು ನಡುವಿನಿಂದ ಅಂಚಿಗೆ ಒರೆಸಿ ಕೂರುತ್ತೇನೆ. ಬೇಸಿಗೆಯಲ್ಲಿ ಮೊದಲ ಭಾಗ ಮುಗಿಯುವಷ್ಟರಲ್ಲಿ ಬನಿಯನ್ ಒದ್ದೆ!

ಸದ್ದಿನ ಏರಿಳಿತ ಕಡಿಮೆ ಮಾಡುವ ಬಟನ್ ಆಂಪ್ಲಿಫೈಯರ್‌ನಲ್ಲಿದೆ. ಒತ್ತಿದರೆ ನೆರೆಯವರಿಗೆ ನೆಮ್ಮದಿ. ಆದರೆ ಮೊದಲ ಭಾಗದ ಆ ಕಟುವಾದ ಮಾರ್ಚ್, ಅಂದರೆ ಸೈನಿಕರ ನಡಿಗೆಯ ಲಯದ ಸಂಗೀತ, ಸಪ್ಪೆಯಾಗಿಬಿಡುತ್ತದೆ. ಉಪ್ಪಿಲ್ಲದ ಸಾರು. ಈಗ ಆ ಬಟನ್ ಮುಟ್ಟುವುದೇ ಇಲ್ಲ.

ಇದನ್ನು ರೆಕಾರ್ಡ್ ಮಾಡಿದ್ದು 2001ರ ಸೆಪ್ಟೆಂಬರ್ 12ರಿಂದ 15ರವರೆಗೆ, ಸ್ಯಾನ್ ಫ್ರಾನ್ಸಿಸ್ಕೊದ ಡೇವಿಸ್ ಹಾಲ್‌ನಲ್ಲಿ ನಡೆದ ಸಂಗೀತ ಕಛೇರಿಗಳಲ್ಲಿ. ಅಮೆರಿಕದ ಮೇಲೆ ದಾಳಿಯಾದ ಮರುದಿನವೇ ಶುರು. ಮೊದಲೇ ನಿಗದಿಯಾಗಿದ್ದ ಕಾರ್ಯಕ್ರಮ, ದಾಳಿಗೆಂದು ಆಯ್ದುಕೊಂಡಿದ್ದಲ್ಲ. ಇದು ತಿಳಿದಿರುವುದರಿಂದಲೇ ನನಗೆ ಹಾಗನ್ನಿಸುತ್ತದೋ ಏನೋ, ಆ ಮಾರ್ಚ್‌ನಲ್ಲಿ ಯಾರೂ ಸುಮ್ನೆ ನುಡಿಸುತ್ತಿಲ್ಲ ಅನ್ನಿಸುತ್ತದೆ.

ಕೊನೆಯ ಭಾಗದಲ್ಲಿ ಸುತ್ತಿಗೆಯ ಹೊಡೆತ ಬರುತ್ತದೆ. ಮಾಹ್ಲರ್ ಮೊದಲು ಮೂರು ಬರೆದಿದ್ದ, ಆಮೇಲೆ ಮೂರನೆಯದನ್ನು ತೆಗೆದ. ಲೋಹದ ಟಣ್ ಅನ್ನುವ ಸದ್ದು ಬೇಡ, ಕೊಡಲಿ ಏಟಿನಂಥದ್ದು ಬೇಕು ಅಂತ ಅವನು ಕೇಳಿದ್ದು. ನನ್ನ ಪುಟ್ಟ ಸ್ಪೀಕರ್‌ಗಳಲ್ಲಿ ಅದು ಪುಸ್ತಕ ಕೆಳಗೆ ಬಿದ್ದ ಸದ್ದು, ಅಷ್ಟೇ. ದೊಡ್ಡ ಸ್ಪೀಕರ್‌ಗೆ ದುಡ್ಡು ಕೂಡಿಡುತ್ತಿದ್ದೆ. ಆದರೆ ಕೆಳಗಿನ ಮನೆ ಎಲ್ಲಿಗೂ ಹೋಗುವುದಿಲ್ಲ, ಅಲ್ವಾ? ಆ ದುಡ್ಡಿನಲ್ಲಿ ಅರ್ಧ ಖರ್ಚು ಮಾಡಿ ಕಿವಿ ಪೂರ್ತಿ ಮುಚ್ಚುವ ಹೆಡ್‌ಫೋನ್ ತಂದೆ.

ಅಲ್ಲಿಂದ ನನ್ನ ಗೊಣಗಾಟ ಕಡಿಮೆಯಾಯಿತು. ಹಸುಗಳ ಕೊರಳ ಗಂಟೆಯನ್ನೂ ಮಾಹ್ಲರ್ ವಾದ್ಯಗಳ ಜೊತೆ ಸೇರಿಸಿದ್ದಾನೆ. ಮೊದಲ ಭಾಗದಲ್ಲಿ ಅವು ದೂರದಿಂದ ಕೇಳಬೇಕು. ಸ್ಪೀಕರ್‌ನಲ್ಲಿ ಅವು ಎಲ್ಲೋ ಚಮಚ ಅಲುಗಿದ ಹಾಗಿದ್ದವು. ಹೆಡ್‌ಫೋನ್‌ನಲ್ಲಿ ಪಿಟೀಲುಗಳ ಆಚೆ, ಇನ್ನೂ ಹಿಂದೆ ಎಲ್ಲೋ ಮಂದೆ ಚಲಿಸುತ್ತಿದೆ ಅನ್ನಿಸುತ್ತದೆ. ಬರೀ ಅದಕ್ಕಾಗಿ ಎಷ್ಟೋ ಸಲ ಹಿಂದಕ್ಕೆ ಹೋಗಿ ಕೇಳುತ್ತೇನೆ.

ಒಂದು ಎಚ್ಚರಿಕೆ. ಕೊನೆಯಲ್ಲಿ ಎಲ್ಲ ತಣ್ಣಗಾಯಿತು ಅಂದುಕೊಳ್ಳುವಾಗ ಇಡೀ ವಾದ್ಯವೃಂದ ಒಮ್ಮೆಲೇ ಅರಚುತ್ತದೆ. ಹೆಡ್‌ಫೋನ್‌ನಲ್ಲಿ ವಾಲ್ಯೂಮ್ ಜಾಸ್ತಿ ಇಡಬೇಡಿ.

ಒಂದು ಸ್ಟಾರ್ ಕಡಿಮೆ ಕೊಟ್ಟಿದ್ದೇನೆ. ಎರಡು ಡಿಸ್ಕ್‌ಗಳಲ್ಲಿ ಇರುವುದರಿಂದ ನಡುವೆ ಏಳಬೇಕು, ಅದಕ್ಕೆ. ಎದ್ದಾಗ ಫ್ಯಾನ್ ಹಾಕುತ್ತೇನೆ, ಕೂತ ಮೇಲೆ ಮತ್ತೆ ಆರಿಸುವ ಮನಸ್ಸೇ ಬರುವುದಿಲ್ಲ.