ಇಂಬಳಕ್ಕೆ ಯಾವ ಮದ್ದು ವಾಸಿ? ನನ್ನ ಕಾಲಿನ ಮೇಲೇ ಪರೀಕ್ಷೆ

ಜುಲೈನಲ್ಲಿ ತೀರ್ಥಹಳ್ಳಿ ಕಡೆ ಗೆಳೆಯನ ಅಜ್ಜಿ ಮನೆಗೆ ಹೋಗಿದ್ದೆ. ಬೆಂಗಳೂರಿನವನ ಠೀವಿಯಲ್ಲಿ ಬರ್ಮುಡಾ, ಚಪ್ಪಲಿ ಹಾಕಿಕೊಂಡು ಅಡಿಕೆ ತೋಟಕ್ಕೆ ಇಳಿದೆ. ಹತ್ತೇ ನಿಮಿಷ, ಎಡಗಾಲಲ್ಲಿ ಐದು ಇಂಬಳ, ಅಂದರೆ ರಕ್ತ ಹೀರುವ ನೆಲದ ಜಿಗಣೆ. ಕಿರುಚಿಕೊಂಡು ಓಡಿದೆ. ಒಂದು ಚಪ್ಪಲಿ ಕೆಸರಲ್ಲೇ ಉಳಿಯಿತು.

"ಹುಲಿ ಅಟ್ಟಿಸ್ಕೊಂಡು ಬಂದಂಗೆ ಓಡ್ತೀಯಲ್ಲ ಮಾರಾಯ" ಎಂದರು ಅಜ್ಜಿ.

ಮಾರನೇ ದಿನದಿಂದ ಮದ್ದುಗಳ ಪರೀಕ್ಷೆ.

ಮೊದಲು ಉಪ್ಪು. ಎರಡು ಜೇಬಿಗೂ ಹರಳುಪ್ಪು ತುಂಬಿಕೊಂಡೆ. ಕಚ್ಚಿದ ಇಂಬಳದ ಮೇಲೆ ಹಾಕಿದರೆ ತಕ್ಷಣ ಬೀಳುತ್ತದೆ, ಅದು ನಿಜ. ಆದರೆ ಬೀಳುವಾಗ ಗಾಯದೊಳಗೇ ಕಕ್ಕಬಹುದು, ನಂಜಾಗಬಹುದು. ಅದಿರಲಿ, ಮಲೆನಾಡಿನ ಮಳೆಯಲ್ಲಿ ಜೇಬಿನ ಉಪ್ಪು ಉಳಿಯುತ್ತಾ? ಅರ್ಧ ಗಂಟೆಯಲ್ಲಿ ಕರಗಿ ತೊಡೆಗೆ ಇಳಿಯಿತು. ಉಪ್ಪಿನಕಾಯಿಗೆ ಹಾಕಿದ ಮಾವಿನಕಾಯಿ ಥರ ಕಾಲಗಲಿಸಿಕೊಂಡು ಮನೆಗೆ ಬಂದೆ.

ಸುಣ್ಣ ಇನ್ನೂ ಚುರುಕು. ಅಜ್ಜಿಯ ಎಲೆ ಅಡಿಕೆ ತಟ್ಟೆಯಿಂದ ಚಿಟಿಕೆ ತೆಗೆದು ಮುಟ್ಟಿಸಿದರೆ ಸಾಕು, ಇಂಬಳ ಮುದುಡಿ ಬೀಳುತ್ತದೆ. ನಾನು ಜಾಣತನ ಮಾಡಿ ಮೊದಲೇ ಮಂಡಿವರೆಗೂ ಬಳಿದುಕೊಂಡೆ. ಚರ್ಮ ಸುಟ್ಟು ಕೆಂಪಾಯಿತು.

ಹತ್ತದಂತೆ ತಡೆಯಲು ಹೊಗೆಸೊಪ್ಪಿನ ಪುಡಿ ಕಲಸಿದ ಕೊಬ್ಬರಿ ಎಣ್ಣೆಯೇ ಮೇಲು. ಒಂದು ಗಂಟೆ ಒಂದೂ ಹತ್ತಲಿಲ್ಲ. ಆಮೇಲೆ ತಲೆ ಸುತ್ತಲು ಶುರು. ನಿಕೋಟಿನ್ ಚರ್ಮದ ಮೂಲಕವೂ ಒಳಗೆ ಹೋಗುತ್ತದಂತೆ! ಅದೇ ಕೈಯಲ್ಲಿ ಕಣ್ಣು ಒರೆಸಿಕೊಂಡೆ ಬೇರೆ. ಆ ಕಥೆ ಬೇಡ.

ಇಂಬಳಕ್ಕೆಂದೇ ಮಾಡಿದ ಮಂಡಿಯುದ್ದದ ಕಾಲುಚೀಲವೂ ಇತ್ತು. ಬಟ್ಟೆ ಒತ್ತಾಗಿರುವುದರಿಂದ ಒಳಗೆ ನುಗ್ಗಲ್ಲ. ನೋವಿಲ್ಲ, ನಾತವಿಲ್ಲ. ನನ್ನ ವೋಟು ಇದಕ್ಕೇ. ಆದರೆ ಒಂದು ಇಂಬಳ ಚೀಲದ ಮೇಲೇ ಹತ್ತಿ ಹತ್ತಿ ಸೊಂಟ ಸೇರಿತ್ತು. ಸಂಜೆ ಕಾಫಿ ಕುಡಿಯುವಾಗ ಅಂಗಿ ಒದ್ದೆ ಒದ್ದೆ. ಇಂಬಳದ ಎಂಜಲಿನಲ್ಲಿ ರಕ್ತ ಹೆಪ್ಪುಗಟ್ಟದಂತೆ ತಡೆಯುವ ಅಂಶ ಇರುತ್ತದೆ. ಅದಕ್ಕೇ ಹೊಟ್ಟೆ ತುಂಬಿ ಅದು ಉದುರಿದ ಮೇಲೂ ರಕ್ತ ನಿಲ್ಲುವುದಿಲ್ಲ.

ಅಜ್ಜಿಗೆ ಇದ್ಯಾವುದೂ ಬೇಡ. ಉಗುರು ತೂರಿಸಿ ಬಾಯಿ ಬಿಡಿಸಿ, ಎಸೆದು, ಮಾತು ಮುಂದುವರಿಸುತ್ತಾರೆ. ಕೊನೇ ದಿನ ನಾನೂ ಹಾಗೇ ಮಾಡಿದೆ. ಕಾಲು ಬಿಟ್ಟಿತು, ಹೆಬ್ಬೆರಳಿಗೆ ಅಂಟಿತು. ಎರಡೂ ತುದಿಯಲ್ಲಿ ಹಿಡಿಯುತ್ತಲ್ಲ! ಬಲಗೈಯಿಂದ ಎಡಗೈಗೆ, ಎಡಗೈಯಿಂದ ಬಲಗೈಗೆ. ಅಂಗಳದಲ್ಲಿ ನನ್ನ ಕುಣಿತ ನೋಡಲಾರದೆ ಅಜ್ಜಿ ಸುಣ್ಣದ ಡಬ್ಬಿ ತಂದರು.