130 ವರ್ಷದ ಆಡಳಿತ ಮುಗಿದ ದಿನದ ಮತಯಂತ್ರ: ಅಕ್ಯುವೋಟ್-ಟಿಎಸ್

ಬಳಕೆಗೆ ಐದಕ್ಕೆ ನಾಲ್ಕು, ಎಣಿಕೆಗೆ ಐದಕ್ಕೆ ಒಂದು. ಡೈಬೋಲ್ಡ್ ಕಂಪನಿಯ ಈ ಟಚ್‌ಸ್ಕ್ರೀನ್ ಯಂತ್ರಕ್ಕೆ ಇದಕ್ಕಿಂತ ಹೆಚ್ಚು ಅಂಕ ಕೊಡಲಾಗದು.

2002ರ ನವೆಂಬರ್ 5ರಂದು ಅಮೆರಿಕದ ಜಾರ್ಜಿಯ ರಾಜ್ಯದ 159 ಕೌಂಟಿಗಳಲ್ಲೂ (ನಮ್ಮ ಜಿಲ್ಲೆಗಳಂಥ ಆಡಳಿತ ಘಟಕಗಳು) ಇದೇ ಯಂತ್ರವಿತ್ತು. ಅಂದೇ ರಿಪಬ್ಲಿಕನ್ ಪಕ್ಷದ ಸನ್ನಿ ಪರ್ಡ್ಯೂ ಹಾಲಿ ಗವರ್ನರ್ ರಾಯ್ ಬಾರ್ನ್ಸ್ ಅವರನ್ನು ಸೋಲಿಸಿದರು. 1872ರಿಂದ ಆ ಕುರ್ಚಿ ಡೆಮಾಕ್ರಟಿಕ್ ಪಕ್ಷದ ಕೈಬಿಟ್ಟಿರಲಿಲ್ಲ.

ಯಂತ್ರ ಬೇಕಾದದ್ದಕ್ಕೆ ಕಾರಣವಿತ್ತು. 2000ದ ಅಧ್ಯಕ್ಷೀಯ ಚುನಾವಣೆಯಲ್ಲಿ ಒಂದು ಕೌಂಟಿಯಲ್ಲಿ ತೂತು ಹಾಕುವ ಪಂಚ್ ಕಾರ್ಡ್, ಇನ್ನೊಂದರಲ್ಲಿ ಲಿವರ್ ಎಳೆಯುವ ಯಂತ್ರ. ಸುಮಾರು 94,000 ಮತಪತ್ರಗಳಲ್ಲಿ ಅಧ್ಯಕ್ಷ ಸ್ಥಾನಕ್ಕೆ ಮತವೇ ಲೆಕ್ಕಕ್ಕೆ ಸಿಗಲಿಲ್ಲ.

ಬಳಕೆ ಸರಳ. ಪಟ್ಟಿಯಲ್ಲಿ ಹೆಸರು ನೋಡಿ ಸಿಬ್ಬಂದಿ ಒಂದು ಸ್ಮಾರ್ಟ್ ಕಾರ್ಡ್ ಸಿದ್ಧಪಡಿಸಿ ಕೊಡುತ್ತಾರೆ. ಅದನ್ನು ಯಂತ್ರಕ್ಕೆ ತೂರಿಸಿದರೆ ಮತಪತ್ರ ಪರದೆಗೆ ಬರುತ್ತದೆ. ಹೆಸರು ಮುಟ್ಟಿದರೆ ಗುರುತು ಬೀಳುತ್ತದೆ. ಒಂದು ಸ್ಥಾನಕ್ಕೆ ಇಬ್ಬರನ್ನು ಆರಿಸಲು ಯಂತ್ರ ಬಿಡುವುದಿಲ್ಲ. ಕೊನೆಗೆ ಎಲ್ಲ ಆಯ್ಕೆಗಳ ಪಟ್ಟಿ, ಆಮೇಲೆ ‘ಕ್ಯಾಸ್ಟ್ ಬ್ಯಾಲಟ್’ (ಮತ ಚಲಾಯಿಸಿ) ಎಂಬ ಗುಂಡಿ. ಅದನ್ನು ಒತ್ತಿದ ಮೇಲಷ್ಟೇ ಮತ ದಾಖಲು. ಕಾರ್ಡ್ ಹೊರಬರುತ್ತದೆ, ಮತ್ತೆ ಸಿದ್ಧಪಡಿಸದೆ ಇನ್ನೊಮ್ಮೆ ನಡೆಯದು.

ಕೈಕೊಡುವುದು ಪರದೆಯ ಹೊಂದಾಣಿಕೆ. ಅದು ಸ್ವಲ್ಪ ಜಾರಿದರೂ ಬೆರಳು ಒಂದು ಹೆಸರಿನ ಮೇಲೆ, ಗುರುತು ಪಕ್ಕದ ಹೆಸರಿಗೆ. ಆ ಯಂತ್ರವನ್ನು ಬದಿಗಿಟ್ಟು, ಪರದೆಯ ಗುರುತುಗಳನ್ನು ಮುಟ್ಟಿ ಮರುಹೊಂದಿಸಬೇಕು. ಮತದಾರರಿಗೆ ಕೊನೆಯ ಪಟ್ಟಿಯೇ ಕಾವಲು. ಅವಸರದಲ್ಲಿ ಅದನ್ನು ಓದದೆ ಗುಂಡಿ ಒತ್ತಿದರೆ ತಿದ್ದಲು ದಾರಿಯಿಲ್ಲ.

ಯಂತ್ರ ನಿಜವಾಗಿ ಸೋಲುವುದು ಮತದಾನ ಮುಗಿದ ಮೇಲೆ. ಮೊತ್ತದ ಚೀಟಿ ಅಚ್ಚಾಗುತ್ತದೆ, ಮೆಮೊರಿ ಕಾರ್ಡ್ ಕೌಂಟಿ ಕಚೇರಿಗೆ ಹೋಗುತ್ತದೆ. ಮತದಾರ ಕಣ್ಣಾರೆ ಕಂಡ ಕಾಗದ ಒಂದೂ ಉಳಿಯುವುದಿಲ್ಲ. ಮರುಎಣಿಕೆ ಕೇಳಿದರೆ ಅದೇ ಮೊತ್ತ ಇನ್ನೊಮ್ಮೆ! ಜಾನ್ಸ್ ಹಾಪ್ಕಿನ್ಸ್ ಮತ್ತಿತರ ಸಂಸ್ಥೆಗಳ ತಜ್ಞರು 2003ರಲ್ಲಿ ನೋಡಿದಾಗ ಮಾಹಿತಿಯನ್ನು ಗುಟ್ಟಾಗಿಡುವ ಗೂಢಲಿಪಿಯ ಕೀಲಿಯನ್ನು, ಅಂದರೆ ಅದನ್ನು ಬಿಚ್ಚುವ ಗುಪ್ತ ಸಂಕೇತವನ್ನು, ಪ್ರೋಗ್ರಾಮಿನೊಳಗೇ ಬರೆದಿಡಲಾಗಿತ್ತು. 2006ರಲ್ಲಿ ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ತಂಡಕ್ಕೆ ಮೆಮೊರಿ ಕಾರ್ಡಿನ ಬಾಗಿಲು ತೆರೆಯಲು ಹೋಟೆಲ್ ಮಿನಿಬಾರ್‌ಗಳಲ್ಲಿ ಬಳಸುವಂಥ ಕೀಲಿಯೇ ಸಾಕಾಯಿತು. ಕಳ್ಳ ತಂತ್ರಾಂಶ ತುಂಬಲು ಒಂದು ನಿಮಿಷ.

ಸಮೀಕ್ಷೆಗಳಲ್ಲಿ ಮುಂದಿದ್ದ ಬಾರ್ನ್ಸ್ ಸೋತಾಗ ಅನುಮಾನ ಹುಟ್ಟಿತು. ಅಂತರ ಒಂದು ಲಕ್ಷ ಮತಗಳಿಗೂ ಮಿಕ್ಕಿತ್ತು. ಪರ್ಡ್ಯೂ 51 ಶೇಕಡಾ ದಾಟಿದ್ದರಿಂದ, ಯಾರಿಗೂ ಅರ್ಧಕ್ಕಿಂತ ಹೆಚ್ಚು ಮತ ಬಾರದಿದ್ದಾಗ ನಡೆಯುವ ಎರಡನೇ ಸುತ್ತೂ ಬೇಕಾಗಲಿಲ್ಲ. 2001ರಲ್ಲಿ ಬಾರ್ನ್ಸ್ ರಾಜ್ಯ ಧ್ವಜ ಬದಲಿಸಿದ್ದು, ಶಿಕ್ಷಕರ ಸಿಟ್ಟು, ಇವೇ ಸೋಲಿಗೆ ಸಾಕಷ್ಟು ಕಾರಣ. ಯಂತ್ರದ ಮೋಸಕ್ಕೆ ಪುರಾವೆ ಸಿಕ್ಕಿಲ್ಲ. ಆದರೆ ಅನುಮಾನಿಸಿದವರ ಮುಂದೆ ಎಣಿಸಿ ತೋರಿಸಲು ಏನೂ ಇರಲಿಲ್ಲ.

2019ರ ಆಗಸ್ಟ್‌ನಲ್ಲಿ ಫೆಡರಲ್ ನ್ಯಾಯಾಲಯ ಆ ವರ್ಷದ ನಂತರ ಇದನ್ನು ಬಳಸಕೂಡದೆಂದಿತು. 2020ರಲ್ಲಿ ಬಂದ ಹೊಸ ಯಂತ್ರ ಕಾಗದ ಅಚ್ಚು ಹಾಕಿಕೊಡುತ್ತದೆ. ಅದರಲ್ಲಿ ಹೆಸರುಗಳೂ ಇವೆ, ಆದರೆ ಸ್ಕ್ಯಾನರ್ ಓದಿದ್ದು ಮತದಾರ ಓದಲಾಗದ ಪಕ್ಕದ ಕ್ಯೂಆರ್ ಕೋಡನ್ನು.